ಸೋಮವಾರ ಬೆಳಗ್ಗೆ ಕಾಣೆಯಾದ ಕನ್ನಡ

ಕೆಲವು ವರ್ಷಗಳ ಹಿಂದಿನ ಮಾತು. ಆಷಾಢದ ಮಳೆ ಹಿಡಿದಿತ್ತು. ಉತ್ತರ ಕನ್ನಡ ಜಿಲ್ಲೆಯ ಘಟ್ಟದ ಮೇಲಣ ಸೀಮೆಯಲ್ಲಿ, ಅಂದರೆ ದಾಂಡೇಲಿ, ಹಳಿಯಾಳ, ಜೋಯಿಡಾ, ಮುಂಡಗೋಡಗಳ ಕಡೆಯಲ್ಲಿ, ಆಷಾಢದ ಮಳೆ ಹಿಡಿಯಿತೆಂದರೆ ಕರೆಂಟು, ಟೆಲಿಫೋನು, ಬಸ್ಸು ಈ ಮೂರನ್ನೂ ನಂಬುವಂತಿಲ್ಲ. ಅಂತಹ ಒಂದು ಸೋಮವಾರ ಬೆಳಗ್ಗೆ ನಾನು ಪಾಠ ಹೇಳುತ್ತಿದ್ದ ಕಾಲೇಜಿನ ಕಛೇರಿಯಿಂದ ಕರೆ ಬಂದಿತು. ಕಾಲೇಜಿನ ಹೆಸರು ಇಲ್ಲಿ ಬೇಡ. ಹೀಗೆ ಆದದ್ದು ಅದೊಂದರಲ್ಲಿಯೇ ಎಂದು ಹೇಳುವಂತೆಯೂ ಇಲ್ಲ.

ಹಿಂದಿನ ಶನಿವಾರ ಮಧ್ಯಾಹ್ನ ಪಟ್ಟಣದಿಂದ ಒಬ್ಬ ತರುಣ ಬಂದು, ಕಛೇರಿಯ ಎಲ್ಲ ಕಂಪ್ಯೂಟರುಗಳಿಗೂ ಹೊಸ ತಂತ್ರಾಂಶವನ್ನು ತುಂಬಿ ಹೋಗಿದ್ದ. ಪತ್ರ ಬರೆಯುವುದಕ್ಕೆ, ಲೆಕ್ಕದ ಕೋಷ್ಟಕ ಹಾಕುವುದಕ್ಕೆ, ಸಭೆಯಲ್ಲಿ ಚಿತ್ರ ತೋರಿಸುವುದಕ್ಕೆ ಬೇಕಾದ ಕಾರ್ಯಕ್ರಮಗಳೆಲ್ಲ ಒಂದೇ ಕಟ್ಟಿನಲ್ಲಿ ಬರುತ್ತವಲ್ಲ, ಆ ಬಗೆಯದು. ಹಳೆಯ ಯಂತ್ರಗಳು ಚುರುಕಾದುವೆಂದು ಎಲ್ಲರಿಗೂ ಸಂತೋಷ. ಸೋಮವಾರ ಬಂದು ಕಡತ ತೆರೆದಾಗ ಸಂತೋಷ ಇಳಿದುಹೋಯಿತು.

“ಸರ್, ಶನಿವಾರತನಕ ಕನ್ನಡ ಇತ್ತು ನೋಡ್ರಿ. ಇವತ್ತು ಯಾವ ಭಾಷಾ ಬಂತೋ ಏನೋ! ನೀವು ಕನ್ನಡದಾಗ ಎಂ.ಎ. ಮಾಡಿದವ್ರು, ಓದಿ ಹೇಳ್ರಿ,” ಎಂದರು ಕಛೇರಿಯ ಗುಮಾಸ್ತೆ ಅಕ್ಕ.

ನಾನು ನೋಡಿದೆ. ತೆರೆಯ ತುಂಬ ರೋಮನ್ ಅಕ್ಷರಗಳು. ಕೆಲವಕ್ಕೆ ತಲೆಯ ಮೇಲೆ ಕೊಂಬು, ಕೆಲವಕ್ಕೆ ಬುಡದಲ್ಲಿ ಬಾಲ. ನಡುನಡುವೆ ಬ್ರಿಟಿಷ್ ಪೌಂಡಿನ ಗುರುತು, ಅರ್ಧ ಕಾಲು ಭಿನ್ನರಾಶಿಗಳು. ಕನ್ನಡದ ಎಂ.ಎ. ಅಲ್ಲಿ ಏನೂ ಮಾಡುವಂತಿರಲಿಲ್ಲ.

ಇದು ನಗೆಯಲ್ಲಿಯೇ ಮುಗಿಯಬಹುದಾಗಿತ್ತು. ಆದರೆ ಅದೇ ಹೊತ್ತಿಗೆ ಜೋಯಿಡಾ ಕಡೆಯ ಹಳ್ಳಿಯೊಂದರಿಂದ ಬೆಳಗಿನ ಬಸ್ಸು ಹಿಡಿದು ಒಬ್ಬ ಹೆಣ್ಣುಮಗಳು ಬಂದು ಬಾಗಿಲಲ್ಲಿ ನಿಂತಿದ್ದಳು. ಹತ್ತು ವರ್ಷಗಳ ಹಿಂದೆ ಅಲ್ಲಿಯೇ ಓದಿ ಹೋದವಳು. ಮರುದಿನ ಕಾರವಾರದಲ್ಲಿ ನೌಕರಿಯ ದಾಖಲೆ ಪರಿಶೀಲನೆ. ಅದಕ್ಕೆ ವ್ಯಾಸಂಗ ಪ್ರಮಾಣಪತ್ರ ಬೇಕು. ಅವಳ ವರ್ಷದ ವಿದ್ಯಾರ್ಥಿಗಳ ಪಟ್ಟಿ ಇದ್ದದ್ದು ಆ ಕಡತದಲ್ಲಿ.

“ಮೂರು ಗಂಟೆ ಬಸ್ ತಪ್ಪಿದ್ರ ಊರಿಗೆ ಬಸ್ ಇಲ್ರಿ ಸರ್,” ಎಂದಳು. ಅವಳ ಧ್ವನಿಯಲ್ಲಿ ದೂರು ಇರಲಿಲ್ಲ. ಅದೇ ನಮಗೆ ಹೆಚ್ಚು ನಾಚಿಕೆಯಾಗುವಂತೆ ಮಾಡಿತು.

ತಂತ್ರಾಂಶ ತುಂಬಿದ ತರುಣನಿಗೆ ಫೋನು ಮಾಡಿದರೆ, “ಫಾಂಟ್ ಹೋಗಿದೆ ಸರ್, ಇಂಟರ್‌ನೆಟ್‌ನಿಂದ ಇಳಿಸಿಕೊಳ್ಳಿ,” ಎಂದ. ಅಂದು ಇಂಟರ್‌ನೆಟ್ ಇರಲಿಲ್ಲ. ಎಲ್ಲೋ ಮರ ಬಿದ್ದು ತಂತಿ ಹರಿದಿತ್ತು. ಒಂದು ಗಂಟೆಯಾಯಿತು, ಎರಡಾಯಿತು. ಕೊನೆಗೆ ಜವಾನನಿಗೆ ನೆನಪಾಯಿತು: ನಿವೃತ್ತರಾಗಿ ಹೋದ ಹಿರಿಯ ಅಧೀಕ್ಷಕರೊಬ್ಬರು ಪ್ರತಿ ಮಾರ್ಚ್ ತಿಂಗಳ ಕೊನೆಗೆ ಆ ವರ್ಷದ ಪಟ್ಟಿಗಳನ್ನೆಲ್ಲ ಮುದ್ರಿಸಿ, ಹೊಲಿಸಿ, ಕೆಂಪು ಬಟ್ಟೆಯ ಬಸ್ತಾದಲ್ಲಿ ಕಟ್ಟಿಡುತ್ತಿದ್ದರು. ಕಬ್ಬಿಣದ ಬೀರುವಿನ ಮೇಲಿನ ಬಸ್ತಾಗಳ ಧೂಳು ಕೊಡವಿ ಹುಡುಕಿದಾಗ ಹೆಸರು ಸಿಕ್ಕಿತು. ಪ್ರಮಾಣಪತ್ರವನ್ನು ಕೈಯಲ್ಲಿ ಬರೆದು, ಮೊಹರು ಒತ್ತಿ, ಸಹಿ ಮಾಡಿಸಿ ಕೊಟ್ಟೆವು. ಅವಳು ಬಸ್ಸು ಹಿಡಿದಳು.

ಹತ್ತು ಮೈಲಿಯಾಚೆ ದಾಂಡೇಲಿಯಲ್ಲಿ ಕಾಗದದ ಕಾರ್ಖಾನೆಯಿದೆ. ವೆಸ್ಟ್ ಕೋಸ್ಟ್ ಪೇಪರ್ ಮಿಲ್ಸ್ ಸಂಸ್ಥೆ 1955ರಲ್ಲಿ ಸ್ಥಾಪನೆಯಾಗಿ, 1959ರಿಂದ ಕಾಳಿ ನದಿಯ ದಡದಲ್ಲಿ ಕಾಗದ ತಯಾರಿಸುತ್ತ ಬಂದಿದೆ. ಕಾಗದವಿಲ್ಲದ ಕಛೇರಿಯ ಮಾತು ಈಗ ಎಲ್ಲೆಡೆ ಕೇಳಿಬರುತ್ತಿದೆ. ಆದರೆ ಅಂದು ನಮ್ಮ ಮಾನವನ್ನು ಉಳಿಸಿದ್ದು ಕಾಗದವೇ. ಇದರಿಂದ ಕಂಪ್ಯೂಟರ್ ಬೇಡವೆಂದು ನಾನು ಹೇಳಹೊರಟಿಲ್ಲ. ಒಂದು ಸಂಸ್ಥೆಯ ಎಲ್ಲ ಯಂತ್ರಗಳಿಗೂ ಒಮ್ಮೆಲೇ ಹೊಸ ತಂತ್ರಾಂಶ ತುಂಬುವುದು ಎಷ್ಟು ಜವಾಬ್ದಾರಿಯ ಕೆಲಸವೆಂಬುದು ಅಂದು ನನಗೆ ಮೊದಲ ಬಾರಿಗೆ ಅರಿವಾಯಿತು. ಅನಂತರ ತಿಳಿದವರನ್ನು ಕೇಳಿ, ಓದಿ, ಕೈಯಾರೆ ಮಾಡಿ ಕಲಿತುಕೊಂಡದ್ದನ್ನು ವಾಚಕರ ಮುಂದಿಡುತ್ತಿದ್ದೇನೆ.

ಅಕ್ಷರದ ವೇಷ

ಕನ್ನಡ ಕಾಣೆಯಾದದ್ದೇಕೆ? ಕಂಪ್ಯೂಟರಿಗೆ ಅಕ್ಷರ ತಿಳಿಯದು. ಅದಕ್ಕೆ ತಿಳಿಯುವುದು ಸಂಖ್ಯೆ ಮಾತ್ರ. ಯಾವ ಅಕ್ಷರಕ್ಕೆ ಯಾವ ಸಂಖ್ಯೆ ಎಂಬ ಒಪ್ಪಂದವಿದ್ದರೆ ತಾನೆ ಒಂದು ಯಂತ್ರದಲ್ಲಿ ಬರೆದದ್ದನ್ನು ಇನ್ನೊಂದು ಯಂತ್ರ ಓದಬಲ್ಲುದು? ಮೊದಮೊದಲಿನ ಒಪ್ಪಂದಗಳು ಇಂಗ್ಲಿಷಿಗಾಗಿ ಹುಟ್ಟಿದಂಥವು. ಅಮೆರಿಕದ ಆಸ್ಕಿ ಪಟ್ಟಿಯಲ್ಲಿ ಇದ್ದದ್ದು 128 ಸ್ಥಾನಗಳು. ಅದನ್ನು ಹಿಗ್ಗಿಸಿದಾಗ 256 ಆದುವು. ಆ ಹೆಚ್ಚಿನ ಸ್ಥಾನಗಳಲ್ಲಿ ಯುರೋಪಿನ ಭಾಷೆಗಳ ಕೊಂಬಿನ ಅಕ್ಷರಗಳೂ ಪೌಂಡಿನ ಗುರುತೂ ಭಿನ್ನರಾಶಿಗಳೂ ಕುಳಿತವು.

ಕನ್ನಡಕ್ಕೆ ಅಲ್ಲಿ ಮನೆ ಇರಲಿಲ್ಲ. ಆದ್ದರಿಂದ ನಮ್ಮವರು ಒಂದು ಜಾಣತನದ ಉಪಾಯ ಮಾಡಿದರು. ಆ ಮನೆಗಳಲ್ಲಿಯೇ ಕನ್ನಡದ ತುಂಡುಗಳನ್ನು, ಒಂದು ತಲೆಕಟ್ಟು, ಒಂದು ಕೊಂಬು, ಒಂದು ಒತ್ತು ಹೀಗೆ ಬಿಡಿಬಿಡಿಯಾಗಿ ಕೂರಿಸಿ ಒಂದು ಫಾಂಟ್ ಮಾಡಿದರು. ಯಂತ್ರದ ಒಳಗೆ ಇರುವುದು ಪೌಂಡಿನ ಗುರುತಿನ ಸಂಖ್ಯೆಯೇ. ಆದರೆ ಫಾಂಟ್ ಎಂಬ ವೇಷ ತೊಡಿಸಿದಾಗ ಅದು ಕನ್ನಡವಾಗಿ ಕಾಣುತ್ತದೆ. ವೇಷ ಕಳಚಿದರೆ ಹಿಂದಿನ ರೂಪವೇ ಹೊರಬರುತ್ತದೆ. ನಮ್ಮ ಕಛೇರಿಯಲ್ಲಿ ಆದದ್ದು ಇಷ್ಟೇ: ಯಂತ್ರಗಳನ್ನು ಒರೆಸಿ ಹೊಸದಾಗಿ ತುಂಬುವಾಗ ಹಳೆಯ ಫಾಂಟ್ ಅಳಿಸಿಹೋಗಿತ್ತು. ಅಕ್ಷರಗಳು ಎಲ್ಲಿಗೂ ಹೋಗಿರಲಿಲ್ಲ, ಅವುಗಳ ವೇಷ ಮಾತ್ರ ಕಳಚಿತ್ತು.

ಈ ತೊಡಕಿಗೆ ಪರಿಹಾರ ಹುಟ್ಟಿ ಬಹಳ ಕಾಲವಾಗಿದೆ. 1991ರಲ್ಲಿ ಪ್ರಕಟವಾದ ಯೂನಿಕೋಡ್ ಎಂಬ ಒಪ್ಪಂದದಲ್ಲಿ ಜಗತ್ತಿನ ಲಿಪಿಗಳಿಗೆ ಬೇರೆ ಬೇರೆ ಸಂಖ್ಯೆಗಳನ್ನು ಕೊಡುವ ಕೆಲಸ ಮೊದಲಾಯಿತು. ಕನ್ನಡ ಅದರ ಮೊದಲ ಆವೃತ್ತಿಯಲ್ಲಿಯೇ ಸೇರಿತು. ಅದನ್ನು ಒಂದು ಉದ್ದನೆಯ ಬೀದಿಯೆಂದು ಭಾವಿಸಿದರೆ ಕನ್ನಡದ ಕೇರಿಗೆ 3200ರಿಂದ 3327ರವರೆಗಿನ 128 ಮನೆಗಳು. ‘ಕ’ ಅಕ್ಷರದ ಮನೆಯ ಸಂಖ್ಯೆ 3221. ಬೆಂಗಳೂರಿನಲ್ಲಿ ಟೈಪು ಮಾಡಿದರೂ ಬೋಸ್ಟನ್ನಿನಲ್ಲಿ ತೆರೆದರೂ 3221 ಎಂದರೆ ‘ಕ’ವೇ, ಬೇರೆ ವೇಷ ತೊಡಬೇಕಾದುದಿಲ್ಲ. 2001ರಲ್ಲಿ ಬಂದ ವಿಂಡೋಸ್ ಎಕ್ಸ್‌ಪಿ ‘ತುಂಗಾ’ ಎಂಬ ಫಾಂಟಿನೊಡನೆ ಈ ಪದ್ಧತಿಯ ಕನ್ನಡವನ್ನು ತೋರಿಸತೊಡಗಿತು.

ನಮ್ಮ ಘಟ್ಟದ ತಾಲ್ಲೂಕುಗಳಿಗೆ ಈ ಬೀದಿ ಬಹಳ ಹೊಂದುತ್ತದೆ. ಹಳಿಯಾಳದ ಕಡೆ ಮರಾಠಿ ಮಾತನಾಡುವವರು ಬಹಳ, ಜೋಯಿಡಾದಲ್ಲಿ ಕೊಂಕಣಿ. ಮುಂಡಗೋಡದಲ್ಲಿಯಾದರೋ 1966ರಿಂದ ಟಿಬೆಟನ್ನರ ವಸತಿ ನೆಲೆಸಿದೆ. ದ್ರೆಪುಂಗ್ ಮತ್ತು ಗಾಂದೆನ್ ಎಂಬ ಮಹಾವಿಹಾರಗಳು ಅಲ್ಲಿ ಮರುಹುಟ್ಟು ಪಡೆದಿವೆ. ಯೂನಿಕೋಡಿನ ಬೀದಿಯಲ್ಲಿ ಮರಾಠಿ ಬರೆಯುವ ದೇವನಾಗರಿಯ ಮನೆಗಳು 2304ರಿಂದ 2431ರವರೆಗೆ; ಮುಂದೆ ಹೋದರೆ ಕನ್ನಡ; ಇನ್ನೂ ಮುಂದೆ 3840ರಿಂದ 4095ರವರೆಗೆ ಟಿಬೆಟನ್ ಲಿಪಿ. ಟಿಬೆಟನ್ ಮೊದಲ ಆವೃತ್ತಿಯಲ್ಲಿ ಸೇರಿ, ಅನಂತರ ತೆಗೆದುಹಾಕಲ್ಪಟ್ಟು, ತಿದ್ದಿದ ರೂಪದಲ್ಲಿ 1996ರಲ್ಲಿ ಮತ್ತೆ ಮನೆ ಪಡೆಯಿತು. ತಮ್ಮ ನಾಡಿನಿಂದ ಹೊರಬಂದು ಮುಂಡಗೋಡದಲ್ಲಿ ಮನೆ ಕಟ್ಟಿಕೊಂಡ ಜನರ ಲಿಪಿಗೂ ಇಂತಹುದೊಂದು ಕಥೆ ಇದೆ ನೋಡಿ! ಅಂಗಡಿಯ ರಸೀತಿಯಿರಲಿ, ಆಸ್ಪತ್ರೆಯ ಚೀಟಿಯಿರಲಿ, ಮೂರು ಲಿಪಿಗಳೂ ಒಂದೇ ಹಾಳೆಯಲ್ಲಿ ಒಂದರ ಪಕ್ಕದಲ್ಲೊಂದು ಜಗಳವಿಲ್ಲದೆ ಕೂರಬಲ್ಲವು.

ಹಳೆಯ ದಾರಿ, ಹಳೆಯ ಬೆರಳು

ಹಾಗಾದರೆ ನಮ್ಮ ಕಛೇರಿಗಳು ಹಳೆಯ ಫಾಂಟಿಗೆ ಏಕೆ ಅಂಟಿಕೊಂಡವು? ಅದಕ್ಕೂ ನ್ಯಾಯವಾದ ಕಾರಣವಿದೆ. 1963ರಲ್ಲಿ ರಾಜ್ಯದ ಆಡಳಿತ ಭಾಷೆಯ ಕಾಯಿದೆಯಾಗಿ ಕನ್ನಡಕ್ಕೆ ಕಛೇರಿಯ ಬಾಗಿಲು ತೆರೆಯಿತು. ಕನ್ನಡದ ಟೈಪ್‌ರೈಟರು ಅಲ್ಲಿ ಟಕಟಕನೆ ದುಡಿಯಿತು. ಕಂಪ್ಯೂಟರ್ ಬಂದಾಗ, ಎಲ್ಲಿ ಇಂಗ್ಲಿಷೇ ಮತ್ತೆ ಗದ್ದುಗೆ ಏರುವುದೋ ಎಂಬ ಆತಂಕ ಹುಟ್ಟಿತು. ಆ ಕಾಲದಲ್ಲಿ ಕೈಹಿಡಿದವರಲ್ಲಿ ಒಬ್ಬರು ಮಂಗಳೂರಿನ ಬಳಿಯ ಕಿನ್ನಿಕಂಬಳದವರಾದ ಕೆ. ಪಿ. ರಾವ್. ಇಂಗ್ಲಿಷಿನ 26 ಕೀಲಿಗಳಲ್ಲಿಯೇ ಕನ್ನಡವನ್ನೆಲ್ಲ ಹಿಡಿಸುವ ಕೀಲಿಮಣೆಯೊಂದನ್ನು ಅವರು ರೂಪಿಸಿದರು. ‘ಕೆ’ ಒತ್ತಿದರೆ ಕ, ಶಿಫ್ಟ್ ಹಿಡಿದು ಒತ್ತಿದರೆ ಖ, ‘ಎಫ್’ ಒತ್ತಿದರೆ ಒತ್ತಕ್ಷರಕ್ಕೆ ಬೇಕಾದ ಕೊಂಡಿ. ತಾವು ಸಿದ್ಧಪಡಿಸಿದ ತಂತ್ರಾಂಶಕ್ಕೆ ಅವರು ವಿದ್ವಾಂಸರಾದ ಸೇಡಿಯಾಪು ಕೃಷ್ಣಭಟ್ಟರ ನೆನಪಿಗೆ ‘ಸೇಡಿಯಾಪು’ ಎಂದೇ ಹೆಸರಿಟ್ಟರು.

ಸರ್ಕಾರ ಈ ಕೀಲಿಮಣೆಯನ್ನು ಶಿಷ್ಟ ವಿನ್ಯಾಸವೆಂದು ಒಪ್ಪಿತು. ಕನ್ನಡ ಗಣಕ ಪರಿಷತ್ತು ಅದನ್ನು ಅನುಸರಿಸಿ ‘ನುಡಿ’ ತಂತ್ರಾಂಶವನ್ನು ಸಿದ್ಧಗೊಳಿಸಿತು. ಅದು ಹಣ ಕೇಳದೆ ಕಛೇರಿ ಕಛೇರಿಗೂ ಹಬ್ಬಿತು. ಅಮೆರಿಕದಲ್ಲಿದ್ದ ಶೇಷಾದ್ರಿವಾಸು 1998ರಲ್ಲಿ ಹೊರತಂದ ‘ಬರಹ’ ಮನೆಮನೆಯ ಕಂಪ್ಯೂಟರಿನಲ್ಲಿ ಕನ್ನಡ ಮೂಡಿಸಿತು. ಇವುಗಳಿಲ್ಲದಿದ್ದರೆ ಕನ್ನಡದ ಕಡತಗಳು ಆಗಲೇ ಇಂಗ್ಲಿಷಾಗಿ ಹೋಗುತ್ತಿದ್ದುವೇನೋ. ಆದರೆ ಆರಂಭದ ಆ ಕಾಲದಲ್ಲಿ ಬರೆದ ಕಡತಗಳು ಹಳೆಯ ವೇಷದ ಪದ್ಧತಿಯಲ್ಲಿದ್ದುವು. 2012ರಲ್ಲಿ ಸರ್ಕಾರ ಯೂನಿಕೋಡನ್ನು ಶಿಷ್ಟತೆಯಾಗಿ ಸ್ವೀಕರಿಸಿತು. ನುಡಿ, ಬರಹಗಳೂ ಯೂನಿಕೋಡಿಗೆ ಹೊಂದಿಕೊಂಡವು. ಆದರೆ ಅಷ್ಟರಲ್ಲಿ ಲಕ್ಷಾಂತರ ಪುಟಗಳು ಹಳೆಯ ವೇಷದಲ್ಲಿ ಬೀರು ಸೇರಿದ್ದುವು. ಗುಮಾಸ್ತರ ಬೆರಳುಗಳೂ ಹಳೆಯ ಅಭ್ಯಾಸಕ್ಕೆ ಪಳಗಿದ್ದುವು.

ಬೆರಳಿನ ಅಭ್ಯಾಸವನ್ನು ಹಗುರವಾಗಿ ಎಣಿಸಬಾರದು. ಹೊಸದಾಗಿ ತುಂಬಿದ ವಿಂಡೋಸ್ ಯಂತ್ರದಲ್ಲಿ ಕನ್ನಡಕ್ಕೆ ಮೊದಲು ಸಿಗುವುದು ಇನ್‌ಸ್ಕ್ರಿಪ್ಟ್ ಎಂಬ ಬೇರೊಂದು ಕೀಲಿಮಣೆ. ಅದು ಭಾರತದ ಲಿಪಿಗಳಿಗೆಲ್ಲ ಸಮಾನವಾದ ವಿನ್ಯಾಸ; ತನ್ನ ಮಟ್ಟಿಗೆ ಒಳ್ಳೆಯದೇ. ಆದರೆ ಇಪ್ಪತ್ತು ವರ್ಷ ‘ಕೆ’ ಒತ್ತಿ ‘ಕ’ ಪಡೆದ ಕೈಗೆ ಅದು ಅಪರಿಚಿತ. ನಿಮಿಷಕ್ಕೆ ಮೂವತ್ತು ಪದ ಹೊಡೆಯುತ್ತಿದ್ದ ಹಿರಿಯ ಗುಮಾಸ್ತರು ಒಮ್ಮೆಲೇ ಅಕ್ಷರ ಹುಡುಕುವ ಬಾಲಕರಾಗಿಬಿಡುತ್ತಾರೆ. ಅಧಿಕಾರಿಗಳು ಅವರನ್ನು ಹಿಂದುಳಿದವರೆಂದು ತಿಳಿಯುತ್ತಾರೆ. ಅವರು ಮೌನವಾಗಿ ಇಂಗ್ಲಿಷಿನಲ್ಲಿ ಟೈಪು ಮಾಡತೊಡಗುತ್ತಾರೆ. ಯಾರ ಆಜ್ಞೆಯೂ ಇಲ್ಲದೆ ಕನ್ನಡ ಕಛೇರಿಯಿಂದ ಹೊರನಡೆಯುವುದು ಹೀಗೆ.

ಪಹಣಿಯ ಪಾಠ

ದೊಡ್ಡ ಪ್ರಮಾಣದಲ್ಲಿ ಈ ಕೆಲಸವನ್ನು ಮಾಡಿ ಗೆದ್ದ ನಿದರ್ಶನ ನಮ್ಮ ರಾಜ್ಯದಲ್ಲಿಯೇ ಇದೆ. ಅದು ‘ಭೂಮಿ’ ಯೋಜನೆ. 2000ದ ಆಚೀಚೆ ಕರ್ನಾಟಕದ ಎಲ್ಲ ತಾಲ್ಲೂಕು ಕಛೇರಿಗಳ ಪಹಣಿಗಳನ್ನು ಕಂಪ್ಯೂಟರಿಗೆ ತುಂಬಲಾಯಿತು. ಸುಮಾರು 2 ಕೋಟಿ ದಾಖಲೆಗಳು; ಸುಮಾರು 67 ಲಕ್ಷ ರೈತರು. ಹಳಿಯಾಳದ ಗದ್ದೆಯವನೂ ಮುಂಡಗೋಡದ ಭತ್ತದ ಬೆಳೆಗಾರನೂ ಜೋಯಿಡಾದ ಕಾಡಂಚಿನ ಕುಣಬಿಯೂ ಅದರೊಳಗಾದರು.

ಯಂತ್ರ ತಂದು ಮೇಜಿನ ಮೇಲಿಟ್ಟ ಮಾತ್ರಕ್ಕೆ ಆ ಕೆಲಸ ಆಗಲಿಲ್ಲ. ಮೊದಲು ಕೆಲವೆಡೆ ಪ್ರಯೋಗ ಮಾಡಿ ನೋಡಿದರು. ತುಂಬಿದ ದಾಖಲೆಯನ್ನು ಗ್ರಾಮದ ಲೆಕ್ಕಿಗರು ಮೂಲದೊಡನೆ ಹೋಲಿಸಿ ಒಪ್ಪಬೇಕಾಗಿತ್ತು. ಅಧಿಕಾರಿಗಳು ಬೆರಳಚ್ಚು ಒತ್ತಿಯೇ ಒಳಹೋಗಬೇಕಾಗಿತ್ತು. ಆಮೇಲೆ ‘ನಾನಲ್ಲ’ ಎನ್ನುವಂತಿಲ್ಲ. ಕಿಂಡಿಯಲ್ಲಿ ರೈತನ ಕಡೆಗೆ ಮುಖ ಮಾಡಿದ ಎರಡನೆಯ ತೆರೆಯನ್ನು ಇಟ್ಟರು. ಏನು ನಡೆಯುತ್ತಿದೆಯೆಂದು ಅವನೂ ಕಣ್ಣಾರೆ ನೋಡಬಹುದಾಗಿತ್ತು. 15 ರೂಪಾಯಿ ಕೊಟ್ಟರೆ ಕನ್ನಡದಲ್ಲಿ ಮುದ್ರಿತ ಪಹಣಿ ಕೈಗೆ ಬರುತ್ತಿತ್ತು. ತಾಲ್ಲೂಕು ಸಿದ್ಧವಾದ ಮೇಲೆ ಅಲ್ಲಿ ಕೈಬರಹದ ಪಹಣಿಗೆ ಮಾನ್ಯತೆಯಿಲ್ಲವೆಂದು ಸಾರಿದರು. ಎರಡು ದೋಣಿಯ ಮೇಲೆ ಕಾಲಿಡಲು ಎಡೆಗೊಡಲಿಲ್ಲ. ಪ್ರಯೋಗ, ಪರಿಶೀಲನೆ, ಹೊಣೆ, ಪಾರದರ್ಶಕತೆ, ನಿಶ್ಚಿತ ದಿನಾಂಕ ಇವೈದೂ ಅಲ್ಲಿ ಇದ್ದುವು. ನಮ್ಮ ಕಾಲೇಜಿನ ಶನಿವಾರದ ಮಧ್ಯಾಹ್ನದಲ್ಲಿ ಇವುಗಳಲ್ಲಿ ಒಂದೂ ಇರಲಿಲ್ಲ.

ಬಡಿಸುವ ಕ್ರಮ

ತಂತ್ರಾಂಶವನ್ನು ಸಂಸ್ಥೆಗೆಲ್ಲ ಹಂಚುವ ಕೆಲಸ ಮದುವೆಯ ಊಟ ಬಡಿಸಿದಂತೆ. ಎಲೆಯೊಂದಕ್ಕೆ ಒಲೆಯೊಂದು ಹೂಡುವವರುಂಟೆ? ಅಡುಗೆ ಒಂದೆಡೆ, ಬಡಿಸುವುದು ಪಂಕ್ತಿಯಾಗಿ. ಹತ್ತು ಯಂತ್ರಗಳಿದ್ದರೆ ಒಂದೊಂದರ ಮುಂದೆ ಕುಳಿತು ತುಂಬಬಹುದು, ನೂರಿದ್ದರೆ ಆಗದು. ಆದ್ದರಿಂದ ಯಾವ ಯಾವ ಕಾರ್ಯಕ್ರಮ ಬೇಕು, ಯಾವ ಭಾಷೆ ಬೇಕು, ಹಳೆಯ ಆವೃತ್ತಿಯನ್ನು ತೆಗೆಯಬೇಕೆ ಇಡಬೇಕೆ ಎಂಬ ಪ್ರಶ್ನೆಗಳಿಗೆಲ್ಲ ಉತ್ತರವನ್ನು ಮುಂಚೆಯೇ ಒಂದು ಪುಟ್ಟ ಕಡತದಲ್ಲಿ ಬರೆದಿಡುತ್ತಾರೆ. ಅಡುಗೆಯವನಿಗೆ ಕೊಡುವ ಪಟ್ಟಿಯಂತೆ ಅದು. ಮುಖ್ಯ ಯಂತ್ರವೊಂದು ಆ ಪಟ್ಟಿಯನ್ನು ಓದಿ, ಉಳಿದ ಯಂತ್ರಗಳಿಗೆ ಯಾರನ್ನೂ ಏನನ್ನೂ ಕೇಳದೆ ತುಂಬುತ್ತದೆ. ಪಟ್ಟಿಯಲ್ಲಿ ಕನ್ನಡ ಎಂದು ಬರೆಯಲು ಮರೆತರೆ ನೂರು ಯಂತ್ರಗಳಲ್ಲಿಯೂ ಕನ್ನಡ ಇರುವುದಿಲ್ಲ. ಒಬ್ಬನ ಮರೆವು ನೂರು ಜನರ ಕಷ್ಟವಾಗುವುದು ಹೀಗೆಯೇ.

ಜೋಯಿಡಾದಂತಹ ಊರಿನಲ್ಲಿ ಇನ್ನೊಂದು ಎಚ್ಚರ ಬೇಕು. ಆ ತಾಲ್ಲೂಕು ವಿಸ್ತಾರದಲ್ಲಿ ಬಹು ದೊಡ್ಡದು. ಜನ ಮಾತ್ರ ಸುಮಾರು 50 ಸಾವಿರ. ಉಳಿದದ್ದೆಲ್ಲ ಕಾಡು, ಕಣಿವೆ, ಕಾಳಿಯ ಹಿನ್ನೀರು. ಅದರ ಹಳೆಯ ಕೇಂದ್ರವಾದ ಸೂಪಾ ಪಟ್ಟಣ 1980ರ ದಶಕದಲ್ಲಿ ಅಣೆಕಟ್ಟಿನ ನೀರಿನಲ್ಲಿ ಮುಳುಗಿತು. ಅಂತಹ ಕಡೆ ಇಂಟರ್‌ನೆಟ್ ಇದ್ದರೆ ಮಾತ್ರ ನಡೆಯುವ ತಂತ್ರಾಂಶವನ್ನು ಕೊಟ್ಟರೆ ಮಳೆಗಾಲವೆಲ್ಲ ಕಛೇರಿಗೆ ರಜೆ ಕೊಟ್ಟಂತೆಯೇ. ಸಂಪರ್ಕ ಚೆನ್ನಾಗಿರುವ ಊರಿನಲ್ಲಿ ಒಮ್ಮೆ ಇಳಿಸಿಕೊಂಡು, ಪೆನ್ ಡ್ರೈವಿನಲ್ಲಿ ತಂದು, ಊರಿನ ಒಳಗಿನ ತಂತಿಯ ಮೂಲಕವೇ ಯಂತ್ರಗಳಿಗೆ ಹಂಚುವ ಮಾರ್ಗವುಂಟು. ಸಂಪರ್ಕವಿಲ್ಲದಾಗಲೂ ಬರೆಯಬಲ್ಲ, ಸಂಪರ್ಕ ಬಂದಾಗ ಕಳಿಸಬಲ್ಲ ವ್ಯವಸ್ಥೆಯನ್ನೇ ಆರಿಸಬೇಕು.

ಇನ್ನು ಹಣದ ಮಾತು. ಕಛೇರಿಯ ತಂತ್ರಾಂಶಗಳಲ್ಲಿ ಕೆಲವಕ್ಕೆ ಯಂತ್ರವೊಂದಕ್ಕೆ ಇಷ್ಟೆಂದು ಪರವಾನಗಿಯ ಹಣ ಕೊಡಬೇಕು. ಕೆಲವಕ್ಕೆ ವರ್ಷವರ್ಷವೂ ಬಾಡಿಗೆ. ಲಿಬ್ರೆಆಫೀಸ್‌ನಂಥವು ಮುಕ್ತ. 2010ರಲ್ಲಿ ಹುಟ್ಟಿದ ಅದನ್ನು ಎಷ್ಟು ಯಂತ್ರಗಳಿಗೆ ಬೇಕಾದರೂ ತುಂಬಬಹುದು. ಅದಕ್ಕೆ ಕನ್ನಡದ ಮುಖವೂ ಉಂಟು. ಕೇರಳದ ಸರ್ಕಾರಿ ಶಾಲೆಗಳು 2000ದ ದಶಕದಿಂದಲೇ ಮುಕ್ತ ತಂತ್ರಾಂಶದ ದಾರಿ ಹಿಡಿದುವು. ಕಾಸರಗೋಡಿನ ಕನ್ನಡ ಮಾಧ್ಯಮದ ಮಕ್ಕಳೂ ಆ ಶಾಲೆಗಳಲ್ಲಿ ಅದರಲ್ಲಿಯೇ ಕಲಿಯುತ್ತಾರೆ. 2015ರಲ್ಲಿ ಭಾರತ ಸರ್ಕಾರವೂ ತನ್ನ ಇಲಾಖೆಗಳು ಮುಕ್ತ ತಂತ್ರಾಂಶಕ್ಕೆ ಆದ್ಯತೆ ಕೊಡಬೇಕೆಂಬ ನೀತಿಯನ್ನು ಪ್ರಕಟಿಸಿತು. ಇತ್ತ 2025ರ ಅಕ್ಟೋಬರ್ 14ರಂದು ವಿಂಡೋಸ್ 10ಕ್ಕೂ, ಆಫೀಸಿನ 2016 ಮತ್ತು 2019ರ ಆವೃತ್ತಿಗಳಿಗೂ ಮೈಕ್ರೋಸಾಫ್ಟ್ ತನ್ನ ಸಾಮಾನ್ಯ ಬೆಂಬಲವನ್ನು ಒಂದೇ ದಿನ ನಿಲ್ಲಿಸಿತು. ಹಳೆಯ ಯಂತ್ರವನ್ನು ಹೇಗೋ ನಡೆಸಿಕೊಂಡು ಬಂದ ಸಣ್ಣ ಕಛೇರಿಗಳ ಮುಂದೆಲ್ಲ ಈಗ ‘ಮುಂದೇನು?’ ಎಂಬ ಪ್ರಶ್ನೆ ನಿಂತಿದೆ.

ಮುಕ್ತವಾದದ್ದೆಲ್ಲ ಸುಲಭವೆಂದು ತಿಳಿಯಬಾರದು. ಜರ್ಮನಿಯ ಮ್ಯೂನಿಕ್ ನಗರಸಭೆ 2003ರಲ್ಲಿ ನಿರ್ಧರಿಸಿ, ಹತ್ತು ವರ್ಷ ಶ್ರಮಿಸಿ, ಸುಮಾರು 15 ಸಾವಿರ ಯಂತ್ರಗಳನ್ನು ಮುಕ್ತ ತಂತ್ರಾಂಶಕ್ಕೆ ತಿರುಗಿಸಿತು. 2017ರಲ್ಲಿ ಮತ್ತೆ ವಿಂಡೋಸಿಗೇ ಮರಳಲು ತೀರ್ಮಾನಿಸಿತು. ಆದರೆ ಅದೇ ದೇಶದ ಶ್ಲೆಸ್ವಿಗ್-ಹೋಲ್‌ಸ್ಟೈನ್ ರಾಜ್ಯವು 2024ರಲ್ಲಿ ತನ್ನ ಸುಮಾರು 30 ಸಾವಿರ ಯಂತ್ರಗಳನ್ನು ಲಿಬ್ರೆಆಫೀಸಿಗೆ ಬದಲಿಸುವುದಾಗಿ ಸಾರಿತು. ಯಾವುದು ಸರಿ? ಹೊರಗಿನಿಂದ ತೀರ್ಪು ಹೇಳುವುದು ಕಷ್ಟ. ಆರಿಸಿದ್ದು ಯಾವುದೇ ಇರಲಿ, ಕಡತಗಳು ಎಲ್ಲರೂ ಒಪ್ಪಿದ ಮುಕ್ತ ರೂಪದಲ್ಲಿ ಉಳಿದರೆ ನಾಳೆ ಮನಸ್ಸು ಬದಲಾಯಿಸಿದರೂ ಅಕ್ಷರಕ್ಕೆ ಕುತ್ತಿಲ್ಲ. ಅಂತಹ ಕಡತರೂಪಕ್ಕೆ 2006ರಿಂದಲೇ ಅಂತರರಾಷ್ಟ್ರೀಯ ಮಾನ್ಯತೆ ಇದೆ.

ಒಂಬತ್ತು ಎಂಬ ಅರ್ಕಾವೊತ್ತು

ಮತ್ತೆ ನಮ್ಮ ಕಛೇರಿಗೆ ಬರೋಣ. ಮರುದಿನ ಪೇಟೆಯ ಅಚ್ಚಿನ ಅಂಗಡಿಯವರೊಬ್ಬರು ತಮ್ಮ ಯಂತ್ರದಲ್ಲಿದ್ದ ಹಳೆಯ ಫಾಂಟನ್ನು ಪೆನ್ ಡ್ರೈವಿಗೆ ಹಾಕಿಕೊಟ್ಟರು. ಹಣ ಕೊಡಹೋದರೆ ತೆಗೆದುಕೊಳ್ಳಲಿಲ್ಲ. ಕನ್ನಡ ಮರಳಿ ಕಾಣಿಸಿತು. ಆದರೆ ಮತ್ತೆ ಮತ್ತೆ ಈ ಪಾಡು ಬೇಡವೆಂದು, ಆ ನೂರಾರು ಕಡತಗಳನ್ನು ಯೂನಿಕೋಡಿಗೆ ಪರಿವರ್ತಿಸಲು ಗುಮಾಸ್ತೆ ಅಕ್ಕನೂ ನಾನೂ ಕುಳಿತೆವು.

ಪರಿವರ್ತಕ ತಂತ್ರಾಂಶಗಳು ಪುಕ್ಕಟೆಯಾಗಿ ಸಿಗುತ್ತವೆ. ಪುಟವನ್ನು ಕ್ಷಣದಲ್ಲಿ ಬದಲಿಸುತ್ತವೆ. ಆದರೆ ಕಣ್ಣುಮುಚ್ಚಿ ನಂಬುವಂತಿಲ್ಲ. ಹಳೆಯ ಪದ್ಧತಿಯಲ್ಲಿ ಅರ್ಕಾವೊತ್ತು ಅಕ್ಷರದ ನಂತರ ಕೂರುತ್ತದೆ. ಹೊಸದರಲ್ಲಿ ‘ರ’ ಮೊದಲು ಬರಬೇಕು. ಎಚ್ಚರ ತಪ್ಪಿದರೆ ‘ಕರ್ನಾಟಕ’ವು ‘ಕನಾರ್ಟಕ’ವಾಗುತ್ತದೆ. ಇನ್ನೂ ವಿಚಿತ್ರವೆಂದರೆ, ಕೆಲವರು ಅವಸರದಲ್ಲಿ ಅರ್ಕಾವೊತ್ತಿನ ಬದಲು ಅದರಂತೆಯೇ ಕಾಣುವ ಕನ್ನಡದ ಒಂಬತ್ತನ್ನು ಒತ್ತಿಬಿಟ್ಟಿದ್ದರು. ಕಣ್ಣಿಗೆ ಎರಡೂ ಒಂದೇ. ಯಂತ್ರಕ್ಕೆ ಮಾತ್ರ ‘ಕನಾ೯ಟಕ’ ಎಂದರೆ ನಡುವೆ ಒಂಬತ್ತು ಸಿಕ್ಕಿಕೊಂಡ ಪದ, ಹುಡುಕಿದರೆ ಸಿಗದು. ಕಡತದ ನಡುವೆ ಇದ್ದ ಇಂಗ್ಲಿಷ್ ಪದಗಳು ಪರಿವರ್ತನೆಯಲ್ಲಿ ಅರ್ಥವಿಲ್ಲದ ಕನ್ನಡವಾಗಿ ಹೊರಬಂದುವು. ಪ್ರತಿ ಹೆಸರನ್ನೂ ಕೆಂಪು ಬಸ್ತಾದ ಕಾಗದದೊಡನೆ ಹೋಲಿಸಬೇಕಾಯಿತು. ಒಬ್ಬ ವಿದ್ಯಾರ್ಥಿಯ ಹೆಸರಿನಲ್ಲಿ ಒಂದು ಒತ್ತು ತಪ್ಪಿದರೆ ಮುಂದೆ ಅವನು ಎಷ್ಟು ಕಛೇರಿಗಳ ಮೆಟ್ಟಿಲು ಹತ್ತಬೇಕೋ ಯಾರು ಬಲ್ಲರು?

ಶ್ರಮಕ್ಕೆ ಫಲವೂ ದೊರೆಯಿತು. ಹಳೆಯ ಪದ್ಧತಿಯಲ್ಲಿ ಅಕ್ಷರಗಳು ತುಂಡುತುಂಡಾಗಿದ್ದುದರಿಂದ ಹೆಸರುಗಳನ್ನು ಅಕಾರಾದಿಯಾಗಿ ಜೋಡಿಸಲು ಆಗುತ್ತಿರಲಿಲ್ಲ. ಹೊಸದರಲ್ಲಿ ಗುಂಡಿ ಒತ್ತಿದೊಡನೆ ‘ಅನಸೂಯಾ’ದಿಂದ ‘ಹನುಮಂತ’ನವರೆಗೆ ಸಾಲಾಗಿ ನಿಂತರು. ಹೆಸರಿನ ಮೊದಲೆರಡು ಅಕ್ಷರ ಹೊಡೆದರೆ ಇಪ್ಪತ್ತು ವರ್ಷದ ಪಟ್ಟಿಯಿಂದ ವ್ಯಕ್ತಿ ಎದುರು ಬರುತ್ತಾನೆ. “ಅಯ್ಯ ಸರ್, ಇದನ್ನ ಹತ್ತು ವರ್ಷದ ಹಿಂದೆ ಮಾಡಿದ್ರ ನನ್ನ ಕಣ್ಣು ಉಳೀತಿದ್ವು,” ಎಂದು ಅಕ್ಕ ಕನ್ನಡಕ ಒರೆಸಿಕೊಂಡರು.

ಆಕೆಗೆ ಈ ಕೆಲಸವನ್ನು ಯಾರೂ ಕಲಿಸಿರಲಿಲ್ಲ ಎಂಬುದನ್ನು ಇಲ್ಲಿ ಹೇಳಲೇಬೇಕು. 2012ರ ನಿಯಮಾವಳಿಯಂತೆ ರಾಜ್ಯ ಸರ್ಕಾರದ ನೌಕರರು ಕಂಪ್ಯೂಟರ್ ಸಾಕ್ಷರತಾ ಪರೀಕ್ಷೆಯಲ್ಲಿ ತೇರ್ಗಡೆಯಾಗಬೇಕು. ಅದು ಒಳ್ಳೆಯದೇ. ಆದರೆ ಪರೀಕ್ಷೆಗೆ ಓದುವುದು ಬೇರೆ, ತನ್ನ ಮೇಜಿನ ಮೇಲಿನ ಯಂತ್ರ ರಾತ್ರೋರಾತ್ರಿ ಬದಲಾದಾಗ ಕೈಹಿಡಿದು ತೋರಿಸುವವರು ಇರುವುದು ಬೇರೆ. ತಂತ್ರಾಂಶಕ್ಕೆ ಹಣ ತೆಗೆದಿಡುವ ಸಂಸ್ಥೆಗಳು ತರಬೇತಿಗೆ ಎರಡು ದಿನ ತೆಗೆದಿಡುವುದಿಲ್ಲ. ತುಂಬುವ ಮೊದಲು ಇಬ್ಬರ ಯಂತ್ರಗಳಲ್ಲಿ ಒಂದು ವಾರ ಪ್ರಯೋಗ ಮಾಡಿದ್ದರೆ, ಆ ಇಬ್ಬರಲ್ಲಿ ಒಬ್ಬರು ಅಕ್ಕನೇ ಆಗಿದ್ದರೆ, ಸೋಮವಾರದ ಫಜೀತಿ ಆಗುತ್ತಲೇ ಇರಲಿಲ್ಲ. ಯಾವ ಕಡತ ಎಲ್ಲಿದೆ, ಯಾವ ಫಾಂಟಿನಲ್ಲಿದೆ ಎಂಬುದು ಆ ಕಛೇರಿಯಲ್ಲಿ ಆಕೆಗೆ ತಿಳಿದಷ್ಟು ಯಾರಿಗೂ ತಿಳಿದಿರಲಿಲ್ಲ. ಆಕೆಯನ್ನು ಕೇಳಿದವರಿಲ್ಲ.

ಮೋಡಿಯ ನೆನಪು

ನಮ್ಮ ಜಿಲ್ಲೆ 1862ರಿಂದ 1956ರವರೆಗೆ ಮುಂಬಯಿ ಆಡಳಿತದಲ್ಲಿದ್ದುದು. ಆ ಪ್ರಾಂತದ ಹಳೆಯ ದಫ್ತರಗಳಲ್ಲಿ ಮೋಡಿ ಲಿಪಿಯ ಕಾಗದಗಳು ಇಂದಿಗೂ ಸಿಗುತ್ತವೆ. ಒಂದು ಕಾಲಕ್ಕೆ ಗುಮಾಸ್ತರು ಲೇಖನಿ ಎತ್ತದೆ ಸರಸರನೆ ಬರೆಯುತ್ತಿದ್ದ ಲಿಪಿ ಅದು. ಅದನ್ನು ಓದಬಲ್ಲವರು ಈಗ ಎಣಿಕೆಯಷ್ಟು ಮಂದಿ. ಜಮೀನಿನ ವ್ಯಾಜ್ಯದಲ್ಲಿ ಮೋಡಿಯ ಕಾಗದವೊಂದು ಬಂದರೆ ಓದುವವರನ್ನು ಹುಡುಕಿಕೊಂಡು ಊರೂರು ಅಲೆಯಬೇಕು. ಮೋಡಿಯ ಬಳಕೆ ತಪ್ಪಲು ಕೆಲವು ತಲೆಮಾರುಗಳೇ ಬೇಕಾದುವು. ನಮ್ಮ ಕಂಪ್ಯೂಟರಿನ ಹಳೆಯ ಕನ್ನಡಕ್ಕೆ ಇಪ್ಪತ್ತು ವರ್ಷವೇ ಸಾಕಾಯಿತು. ಈಗ ತಾಲ್ಲೂಕು ಕಛೇರಿಗಳ ಹಳೆಯ ಕಾಗದಗಳನ್ನೆಲ್ಲ ಸ್ಕ್ಯಾನ್ ಮಾಡಿ ಕಾಪಿಡುವ ‘ಭೂ ಸುರಕ್ಷಾ’ ಯೋಜನೆ ರಾಜ್ಯದಲ್ಲಿ ನಡೆದಿದೆ. ಕಾಗದದ ಮೇಲೆ ತೋರುವ ಈ ಕಾಳಜಿಯನ್ನು ಕಂಪ್ಯೂಟರಿನ ಮೊದಲ ತಲೆಮಾರಿನ ಕಡತಗಳ ಮೇಲೂ ತೋರಬೇಕಾದ ಕಾಲ ಬಂದಿದೆ.

ಇದು ಕಛೇರಿಗಳಿಗೆ ಮಾತ್ರ ಸೇರಿದ ಮಾತೆಂದು ವಾಚಕರು ತಿಳಿಯಬಾರದು. ನಿಮ್ಮ ಮನೆಯ ಹಳೆಯ ಕಂಪ್ಯೂಟರಿನಲ್ಲಿ ತಂದೆಯವರು ಬರೆದಿಟ್ಟ ಆತ್ಮಕಥೆಯ ನಾಲ್ಕು ಅಧ್ಯಾಯಗಳು, ಅಕ್ಕನ ಮದುವೆಯ ಕರೆಯೋಲೆ, ಅಜ್ಜಿ ಹೇಳಿ ಬರೆಯಿಸಿದ ಹಾಡುಗಳು ಇರಬಹುದು. ಬರುವ ಭಾನುವಾರ ಒಮ್ಮೆ ತೆರೆದು ನೋಡಿರಿ. ಕನ್ನಡ ಕಂಡರೆ ಸರಿ. ಕೊಂಬಿನ ರೋಮನ್ ಅಕ್ಷರ ಕಂಡರೆ ಗಾಬರಿಯಾಗಿ ಅಳಿಸಬೇಡಿರಿ. ಒಳಗೆ ಎಲ್ಲವೂ ಇದೆ. ಹಳೆಯ ಫಾಂಟನ್ನು ಹಾಕಿ ಓದಿ, ಯೂನಿಕೋಡಿಗೆ ಬದಲಿಸಿ, ಅರ್ಕಾವೊತ್ತುಗಳನ್ನು ತಿದ್ದಿ, ಒಂದು ಪ್ರತಿಯನ್ನು ಕಾಗದದ ಮೇಲೂ ಮುದ್ರಿಸಿ ಇಡಿರಿ.

ಆ ಹೆಣ್ಣುಮಗಳಿಗೆ ನೌಕರಿ ಆಯಿತು. ಕೆಲವು ತಿಂಗಳಾದ ಮೇಲೆ ಕಾಲೇಜಿಗೆ ಬಂದು ಎಲ್ಲರಿಗೂ ಪೇಡೆ ಹಂಚಿದಳು. ಗುಮಾಸ್ತೆ ಅಕ್ಕ ಅವಳನ್ನು ತನ್ನ ಮೇಜಿನ ಬಳಿಗೆ ಕರೆದು, ತೆರೆಯ ಮೇಲೆ ಅವಳ ಹೆಸರಿನ ಮೊದಲೆರಡು ಅಕ್ಷರ ಹೊಡೆದು ತೋರಿಸಿದರು. ಹೆಸರು, ತಂದೆಯ ಹೆಸರು, ಊರು ಎಲ್ಲವೂ ಅಚ್ಚಗನ್ನಡದಲ್ಲಿ ಮೂಡಿ ನಿಂತವು. “ಇನ್ನ ಹೋಗಂಗಿಲ್ಲ ಬಿಡವ್ವ,” ಎಂದರು. ಆದರೂ ಆ ವರ್ಷದ ಮಾರ್ಚ್ ತಿಂಗಳ ಕೊನೆಗೆ ಆಕೆ ಪಟ್ಟಿಗಳನ್ನೆಲ್ಲ ಮುದ್ರಿಸಿ, ಹೊಲಿಸಿ, ಕೆಂಪು ಬಟ್ಟೆಯಲ್ಲಿ ಕಟ್ಟಿ ಬೀರುವಿನ ಮೇಲೆ ಇಟ್ಟದ್ದನ್ನು ನಾನು ಕಂಡೆ.